ಕರ್ನಾಟಕದ ಬೆಸ್ಟ್ ಕ್ಯಾಪ್ಟನ್ ಯಾರು? ಕಪ್ ಎಣಿಸೋಕೆ ಮುಂಚೆ ಇದನ್ನ ಓದಿ

ಭಾಗ 1

ಹೋದ ವಾರ ಸ್ಟೋರಿಯಲ್ಲಿ ಒಂದು ಪೋಲ್ ಹಾಕಿದ್ದೆ, ನೆನಪಿದ್ಯಾ? "ಕರ್ನಾಟಕದ ಅತ್ಯಂತ ಯಶಸ್ವಿ ಕ್ಯಾಪ್ಟನ್ ಯಾರು?" ಅಂತ. ಜಾಸ್ತಿ ವೋಟು ಬಿದ್ದಿದ್ದು ವಿರಾಟ್ ಕೊಹ್ಲಿಗೆ. ಗುರು, ಕೊಹ್ಲಿ ಡೆಲ್ಲಿಯವರು. ಎರಡನೇ ಸ್ಥಾನ ರಜತ್ ಪಾಟಿದಾರ್. ಅವರು ಮಧ್ಯಪ್ರದೇಶದವರು. ನಾನು ಕೇಳಿದ್ದು ಆರ್‌ಸಿಬಿ ಬಗ್ಗೆ ಅಲ್ಲ, ಕರ್ನಾಟಕದ ಬಗ್ಗೆ. ಒಬ್ಬರೇ ಒಬ್ಬರು "ಪ್ರಸನ್ನ" ಅಂತ ಬರೆದಿದ್ರು. ಅದೂ ನಮ್ಮ ದೊಡ್ಡಪ್ಪ, ಅಣ್ಣನ ಅಕೌಂಟ್‌ನಿಂದ!

ತಪ್ಪು ನಿಮ್ದಲ್ಲ ಬಿಡಿ. 2025ರ ಜೂನ್ 3ರ ರಾತ್ರಿ ಆರ್‌ಸಿಬಿ ಗೆದ್ದಾಗ ನಮ್ಮ ಆವನಿಯಲ್ಲೂ ಪಟಾಕಿ ಹೊಡೆದಿದ್ದೇ ಹೊಡೆದಿದ್ದು. ಮಾರನೇ ದಿನ ಚಿನ್ನಸ್ವಾಮಿ ಸ್ಟೇಡಿಯಂ ಹೊರಗೆ ನೂಕುನುಗ್ಗಲಲ್ಲಿ 11 ಜನ ತೀರಿಕೊಂಡ್ರು, ಆ ಖುಷಿ ಅಲ್ಲಿಗೆ ಸತ್ತೋಯ್ತು. ಅದು ಬೇರೆ ಕಥೆ. ಆದ್ರೆ ಆರ್‌ಸಿಬಿ ಶುರುವಾಗಿದ್ದು 2008ರಲ್ಲಿ. ಅದಕ್ಕೆ ಎಷ್ಟೋ ಮುಂಚಿಂದ ನಮ್ದೇ ಅಂತ ಇನ್ನೊಂದು ಟೀಮ್ ಇದೆ. ಅದು ರಣಜಿ ಟ್ರೋಫಿಯನ್ನ 8 ಸಲ ಗೆದ್ದಿದೆ. ಆ 8 ಕಪ್ ಎತ್ತಿದ್ದು 6 ಜನ ಕ್ಯಾಪ್ಟನ್‌ಗಳು. ಆರೂ ಹೆಸರು ಗೂಗಲ್ ಮಾಡದೆ ಹೇಳಿ ನೋಡೋಣ.

ಇದನ್ನ ಈಗ ಯಾಕೆ ಬರೀತಿದ್ದೀನಿ ಅಂದ್ರೆ, ಈ ಭಾನುವಾರ ಸಂಜೆ ನಮ್ಮೂರ ಟೀಮಿನ ಮೀಟಿಂಗ್ ಇದೆ. ವಿಷಯ ಒಂದೇ: ಕ್ಯಾಪ್ಟನ್‌ನ ತೆಗೀಬೇಕಾ, ಬೇಡ್ವಾ. ನಾನು ಟೀಮಲ್ಲಿ ಆಡಲ್ಲ. ಸ್ಕೋರ್ ಬುಕ್ ಬರೆಯೋನು ನಾನು. ಬಿಕಾಂ ಓದ್ತಿದ್ದೀಯಲ್ಲ, ಲೆಕ್ಕ ನೀನೇ ಬರಿ ಅಂತ ಮೂರು ವರ್ಷದ ಹಿಂದೆ ಕೈಗೆ ಕೊಟ್ರು. ಈಗ "ಬುಕ್ ತಗೊಂಡು ಬಾ, ಅವನ ರೆಕಾರ್ಡ್ ಓದು" ಅಂತಿದ್ದಾರೆ.

ಅವರ ರೆಕಾರ್ಡ್ ಓದೋಕೆ ಮುಂಚೆ ದೊಡ್ಡವರ ರೆಕಾರ್ಡ್ ಒಂದ್ಸಲ ಓದೋಣ ಅನ್ನಿಸ್ತು.

ಭಾಗ 2

ಮೊದಲು ಒಂದು ರೂಲ್ ತಿಳ್ಕೊಳ್ಳಿ, ಇಲ್ಲಾಂದ್ರೆ ಮುಂದೆ ಏನೂ ಅರ್ಥ ಆಗಲ್ಲ. ರಣಜಿ ನಾಕೌಟ್ ಮ್ಯಾಚ್ ಡ್ರಾ ಆದ್ರೆ ಮೊದಲ ಇನ್ನಿಂಗ್ಸ್‌ನಲ್ಲಿ ಯಾರಿಗೆ ಲೀಡ್ ಸಿಕ್ಕಿದೆಯೋ ಅವರು ಮುಂದಕ್ಕೆ ಹೋಗ್ತಾರೆ. ಒಂದೇ ಒಂದು ರನ್ ಲೀಡ್ ಆದ್ರೂ ಸಾಕು. ಹಾಗಾಗಿ ಅಲ್ಲಿ ಕ್ಯಾಪ್ಟನ್ ಅನ್ನೋನು ದಿನಗಟ್ಟಲೆ ಲೆಕ್ಕ ಹಾಕ್ಬೇಕು. ಇಪ್ಪತ್ತು ಓವರ್‌ನಲ್ಲಿ ಮುಗಿಯೋ ಕೆಲ್ಸ ಅಲ್ಲ.

ಈಗ 1974ಕ್ಕೆ ಬನ್ನಿ. 1958-59ರಿಂದ 1972-73ರವರೆಗೆ ರಣಜಿ ಗೆದ್ದಿದ್ದು ಬಾಂಬೆ. ಯಾವ ವರ್ಷ ಅಂತೀರಾ? ಎಲ್ಲಾ ವರ್ಷ. ಸತತ 15 ಸಲ! ಒಬ್ಬ ಹುಡುಗ ಹುಟ್ಟಿ, ಸ್ಕೂಲಿಗೆ ಸೇರಿ, ಹತ್ತನೇ ಕ್ಲಾಸಿಗೆ ಬರೋ ತನಕ ಬೇರೆ ಯಾವ ಟೀಮೂ ಕಪ್ ಮುಟ್ಟಿರಲಿಲ್ಲ. ನಮ್ಮೋರು ಆಗ ಮೈಸೂರು ಅನ್ನೋ ಹೆಸರಲ್ಲಿ ಆಡ್ತಿದ್ರು. 1941-42ರಲ್ಲಿ ಒಂದ್ಸಲ, 1959-60ರಲ್ಲಿ ಒಂದ್ಸಲ ಫೈನಲ್‌ಗೆ ಹೋಗಿದ್ರು. ಎರಡೂ ಸಲ ಸೋತಿದ್ದು ಬಾಂಬೆಗೇ.

1973ರ ನವೆಂಬರ್ 1ಕ್ಕೆ ರಾಜ್ಯದ ಹೆಸರು ಕರ್ನಾಟಕ ಆಯ್ತು. ಆ ಸೀಸನ್‌ನಲ್ಲೇ, ಹೊಸ ಹೆಸರಲ್ಲಿ, ಸೆಮಿಫೈನಲ್‌ಗೆ ಬಾಂಬೆ ಬೆಂಗಳೂರಿಗೆ ಬಂತು. ಅವರ ಕ್ಯಾಪ್ಟನ್ ಅಜಿತ್ ವಾಡೇಕರ್, ಆಗ ಭಾರತದ ಕ್ಯಾಪ್ಟನ್ ಕೂಡ ಅವರೇ. 1971ರಲ್ಲಿ ವೆಸ್ಟ್ ಇಂಡೀಸ್‌ನಲ್ಲೂ ಇಂಗ್ಲೆಂಡ್‌ನಲ್ಲೂ ಸರಣಿ ಗೆದ್ದು ಬಂದವರು. ಜೊತೆಗೆ ಗವಾಸ್ಕರ್. ನಮ್ಮ ಕ್ಯಾಪ್ಟನ್ ಇ.ಎ.ಎಸ್. ಪ್ರಸನ್ನ, ಆಫ್ ಸ್ಪಿನ್ನರ್.

ನಮ್ಮೋರು 385. ಅದರಲ್ಲಿ ಭದ್ರಾವತಿಯ ಜಿ.ಆರ್. ವಿಶ್ವನಾಥ್ 162, ಬ್ರಿಜೇಶ್ ಪಟೇಲ್ 106. ಬಾಂಬೆ ಬ್ಯಾಟಿಂಗ್‌ಗೆ ಬಂತು. ಗವಾಸ್ಕರ್ ಬೌಲ್ಡ್ ಪ್ರಸನ್ನ. ಈ ಮೂರು ಶಬ್ದ ಹೇಳುವಾಗ ನಮ್ಮ ದೊಡ್ಡಪ್ಪ ಈಗಲೂ ಎದ್ದು ನಿಂತ್ಕೊಳ್ತಾರೆ. ಆಮೇಲೆ ವಾಡೇಕರ್ ಸೆಟ್ ಆಗಿ ಆಡ್ತಿದ್ದೋರು ಕಾಲು ಜಾರಿ ರನೌಟ್ ಆದ್ರು. ಬಾಂಬೆ 307ಕ್ಕೆ ಆಲೌಟ್. ಲೀಡ್ ನಮ್ದು. 15 ವರ್ಷದ ಕೋಟೆ ಬಿತ್ತು.

ಫೈನಲ್ ಜೈಪುರದಲ್ಲಿ, ರಾಜಸ್ಥಾನದ ವಿರುದ್ಧ. ಅವರೂ ಪಾಪ, 60ರ ದಶಕದಲ್ಲಿ ಬಾಂಬೆ ಕೈಯಲ್ಲಿ ಫೈನಲ್ ಮೇಲೆ ಫೈನಲ್ ಸೋತವರು. ಬಾಂಬೆ ಇಲ್ಲದ ಫೈನಲ್ ಸಿಕ್ಕಿತು, ಎದುರಿಗೆ ಪ್ರಸನ್ನ ಬಂದ್ರು. ಕರ್ನಾಟಕಕ್ಕೆ ಮೊದಲ ಕಪ್.

ಭಾಗ 3

ಪ್ರಸನ್ನ ಬಗ್ಗೆ ಒಂದು ವಿಷಯ ಸ್ಟೂಡೆಂಟ್ಸ್‌ಗೆ ಹೇಳ್ಲೇಬೇಕು. 1962ರಲ್ಲಿ ಇಂಗ್ಲೆಂಡ್ ವಿರುದ್ಧ ಮದ್ರಾಸಿನಲ್ಲಿ ಮೊದಲ ಟೆಸ್ಟ್ ಆಡಿದ್ರು. ಅದೇ ವರ್ಷ ವೆಸ್ಟ್ ಇಂಡೀಸ್ ಟೂರ್‌ಗೂ ಹೋದ್ರು. ಬಂದವರು ಎಂಜಿನಿಯರಿಂಗ್ ಓದು ಮುಗಿಸೋಕೆ ಕೂತ್ರು. ಮತ್ತೆ ಟೆಸ್ಟ್ ಆಡಿದ್ದು 1967ರಲ್ಲಿ! ಐದು ವರ್ಷ! ನಮ್ಮಲ್ಲಿ ಒಂದು ಸಪ್ಲಿ ಬಂದ್ರೆ ಜೀವನ ಮುಗೀತು ಅಂತ ಸ್ಟೇಟಸ್ ಹಾಕ್ತೀವಿ. ಅವರು ಐದು ವರ್ಷ ಬಿಟ್ಟು ಬಂದು 49 ಟೆಸ್ಟ್‌ನಲ್ಲಿ 189 ವಿಕೆಟ್ ತೆಗೆದ್ರು.

ಭಾರತದ ಕ್ಯಾಪ್ಟನ್ ಆಗ್ಲೇ ಇಲ್ಲ. ಒಂದು ಟೆಸ್ಟ್‌ಗೂ ಇಲ್ಲ. ಆದ್ರೆ ಕರ್ನಾಟಕದ ಕ್ಯಾಪ್ಟನ್ ಆಗಿ 1977-78ರಲ್ಲಿ ಇನ್ನೊಂದು ಕಪ್ ತಂದ್ರು. ಆ ಫೈನಲ್ ಮೋಹನ್ ನಗರದಲ್ಲಿ, ಉತ್ತರಪ್ರದೇಶದ ವಿರುದ್ಧ. ವಿಶ್ವನಾಥ್ ಒಬ್ಬರೇ 247 ಹೊಡೆದ್ರು, ಇನ್ನಿಂಗ್ಸ್ ಗೆಲುವು.

"ಅಂಥ ಟೀಮ್ ಇದ್ರೆ ಯಾರ್ ಬೇಕಾದ್ರೂ ಗೆಲ್ತಾರೆ" ಅಂತ ಕಾಮೆಂಟ್ ಹಾಕೋರು ಇದ್ದೀರಾ, ಗೊತ್ತು. ಸ್ವಲ್ಪ ನಿಜವೇ. ಒಂದು ಕಡೆಯಿಂದ ಪ್ರಸನ್ನ, ಇನ್ನೊಂದು ಕಡೆಯಿಂದ ಬಿ.ಎಸ್. ಚಂದ್ರಶೇಖರ್. ಚಿಕ್ಕ ವಯಸ್ಸಲ್ಲಿ ಪೋಲಿಯೋ ಆಗಿ ಸಣ್ಣಗಾದ ಬಲಗೈಯಿಂದಲೇ ಬೌಲ್ ಮಾಡಿ 242 ಟೆಸ್ಟ್ ವಿಕೆಟ್ ತೆಗೆದವರು. ಮೇಲೆ ವಿಶ್ವನಾಥ್, ಬ್ರಿಜೇಶ್. ಆದ್ರೆ 1973ಕ್ಕೆ ಮುಂಚೆನೂ ಪ್ರಸನ್ನ, ಚಂದ್ರ, ವಿಶ್ವನಾಥ್ ಮೂವರೂ ಈ ಟೀಮಲ್ಲಿ ಇದ್ರು. ಆಗ ಯಾಕೆ ಗೆದ್ದಿರ್ಲಿಲ್ಲ? ಬಾಂಬೆ ಅಂದ್ರೆ ಸೋಲೋದೇ ಅನ್ನೋ ಅಭ್ಯಾಸ ಒಂದಿರುತ್ತಲ್ಲ, ಅದನ್ನ ಮುರಿಯೋಕೆ ಸ್ಕೋರ್ ಬುಕ್‌ನಲ್ಲಿ ಕಾಲಂ ಇಲ್ಲ.

ನಂಗೆ ಆ ಮೊದಲ ಕಪ್ಪೇ ಎಲ್ಲದಕ್ಕಿಂತ ತೂಕದ್ದು. ಇದು ನನ್ನ ಅಭಿಪ್ರಾಯ, ಕಿತ್ತಾಡೋದಿದ್ರೆ ಡಿಎಂಗೆ ಬನ್ನಿ.

ಭಾಗ 4

ಇದು ಸೋಲಿನ ಪೋಸ್ಟ್.

1981-82. ಸೆಮಿಫೈನಲ್‌ನಲ್ಲಿ ಮತ್ತೆ ಬಾಂಬೆ, ಮತ್ತೆ ಬೆಂಗಳೂರು. ನಮ್ಮ ಎಡಗೈ ಸ್ಪಿನ್ನರ್ ರಘುರಾಮ್ ಭಟ್ ಮೊದಲ ಇನ್ನಿಂಗ್ಸ್‌ನಲ್ಲಿ 8 ವಿಕೆಟ್ ತೆಗೆದ್ರು. ಎರಡನೇ ಇನ್ನಿಂಗ್ಸ್‌ಗೆ ಬಂದ ಗವಾಸ್ಕರ್ ಏನು ಮಾಡಿದ್ರು ಗೊತ್ತಾ? ಭಟ್ ಬೌಲಿಂಗ್‌ಗೆ ಎಡಗೈ ಬ್ಯಾಟ್ಸ್‌ಮನ್ ಥರ ನಿಂತ್ರು! ಬೇರೆ ಬೌಲರ್ ಬಂದ್ರೆ ಬಲಗೈ. ತಮಾಷೆ ಅಲ್ಲ, ನಿಜವಾಗ್ಲೂ ನಡೆದಿದ್ದು. ಆ ಪಿಚ್‌ನಲ್ಲಿ ಭಟ್ ಅಷ್ಟು ಕಾಟ ಕೊಟ್ಟಿದ್ರು.

ಫೈನಲ್ ಡೆಲ್ಲಿಯಲ್ಲಿ. ಕರ್ನಾಟಕ ಮೊದಲು ಬ್ಯಾಟ್ ಮಾಡಿ 705. ಎಷ್ಟು? ಏಳುನೂರ ಐದು. ಕಪ್ ಬಂದ ಹಾಗೇನೇ ಅಲ್ವಾ? ಡೆಲ್ಲಿ 8 ವಿಕೆಟ್‌ಗೆ 707. ಎರಡು ರನ್ ಲೀಡ್, ಕಪ್ ಅವರ್ದು. ಈ ಮ್ಯಾಚ್ ಬಗ್ಗೆ ಮೊದಲ ಸಲ ಓದಿದಾಗ ಪ್ರಿಂಟಿಂಗ್ ಮಿಸ್ಟೇಕ್ ಅಂದ್ಕೊಂಡಿದ್ದೆ.

ಹೇಳಿ, 705 ಹೊಡೆದ ಟೀಮು ಫೇಲಾ?

ಮುಂದಿನ ವರ್ಷ, 1982-83ರಲ್ಲಿ, ಬ್ರಿಜೇಶ್ ಪಟೇಲ್ ಕ್ಯಾಪ್ಟನ್. ಫೈನಲ್‌ನಲ್ಲಿ ಬಾಂಬೆ, ಅದೂ ಅವರದೇ ವಾಂಖೆಡೆಯಲ್ಲಿ. ಅವರು 500 ದಾಟಿಸಿದ್ರು. ನಮ್ಮೋರೂ 500 ದಾಟಿಸಿ, ಸಣ್ಣ ಲೀಡ್ ತಗೊಂಡು, ಕಪ್ ಎತ್ಕೊಂಡು ಬಂದ್ರು. ಒಂದು ವರ್ಷದ ಹಿಂದೆ ಯಾವ ರೂಲ್ ಅಳಿಸಿತ್ತೋ ಅದೇ ರೂಲ್ ಈ ಸಲ ಕಪ್ ಕೊಡಿಸ್ತು. ಬ್ರಿಜೇಶ್ ಹೆಸರಲ್ಲಿ ಕ್ಯಾಪ್ಟನ್ ಆಗಿ ಒಂದೇ ಕಪ್ ಇದೆ. ಆದ್ರೆ 1974ರ ಸೆಮಿಫೈನಲ್‌ನ ಆ 106 ಯಾರ ಖಾತೆಗೆ ಹಾಕೋದು?

ಭಾಗ 5

ಆಮೇಲೆ 13 ವರ್ಷ ಏನೂ ಇಲ್ಲ. ಪೂರ್ತಿ ಬರ.

1996ರಲ್ಲಿ ಅನಿಲ್ ಕುಂಬ್ಳೆ ವಿಶ್ವಕಪ್‌ನಲ್ಲಿ ಎಲ್ಲರಿಗಿಂತ ಜಾಸ್ತಿ, 15 ವಿಕೆಟ್ ತೆಗೆದ್ರು. ಅದೇ 1995-96ರ ಸೀಸನ್‌ನಲ್ಲಿ ಕರ್ನಾಟಕದ ಕ್ಯಾಪ್ಟನ್ ಆಗಿ, ಚೆನ್ನೈಗೇ ಹೋಗಿ ತಮಿಳುನಾಡಿನ ಮುಂದೆ ರಣಜಿ ಗೆದ್ರು. ಮೊದಲ ಇನ್ನಿಂಗ್ಸ್ ಲೀಡ್ ಮೇಲೆ. 1997-98ರಲ್ಲಿ ರಾಹುಲ್ ದ್ರಾವಿಡ್ ಕ್ಯಾಪ್ಟನ್, ಬೆಂಗಳೂರಲ್ಲಿ ಉತ್ತರಪ್ರದೇಶದ ಮೇಲೆ ಗೆಲುವು. ಇವರಿಬ್ಬರ ಬಗ್ಗೆ ನಿಮ್ಗೆ ನಾನು ಹೇಳ್ಬೇಕಾಗಿಲ್ಲ, ಮುಂದೆ ಹೋಗ್ತೀನಿ. ಯಾಕಂದ್ರೆ ನಂಗೆ ಇಷ್ಟವಾದ ಕಥೆ ಸುನಿಲ್ ಜೋಶಿದು.

ಜೋಶಿ ಗದಗದವರು. ಹುಡುಗನಾಗಿದ್ದಾಗ ಪ್ರಾಕ್ಟೀಸ್‌ಗೆ ಗದಗದಿಂದ ಹುಬ್ಬಳ್ಳಿಗೆ ಹೋಗಿ ಬಂದು ಓದಿದವರು. ಆವನಿಯಿಂದ ಮುಳಬಾಗಿಲು ಬಸ್ ಹತ್ತಿ ಕಾಲೇಜಿಗೆ ಹೋಗೋ ನಮ್ಗೆ ಇದು ಅರ್ಥ ಆಗುತ್ತೆ. 1995-96ರ ರಣಜಿಯಲ್ಲಿ 529 ರನ್ನೂ 52 ವಿಕೆಟ್ಟೂ ಒಂದೇ ಸೀಸನ್‌ನಲ್ಲಿ ಮಾಡಿದ್ರು. ಕುಂಬ್ಳೆ ಕಪ್ ಎತ್ತಿದ್ದಕ್ಕೆ ಇದೂ ಒಂದು ಕಾರಣ.

1998-99ರ ಫೈನಲ್, ಚಿನ್ನಸ್ವಾಮಿ, ಎದುರಾಳಿ ಮಧ್ಯಪ್ರದೇಶ. ಕ್ಯಾಪ್ಟನ್ ಜೋಶಿ. ಮೊದಲ ಇನ್ನಿಂಗ್ಸ್ ಲೀಡ್ ಮಧ್ಯಪ್ರದೇಶಕ್ಕೆ ಹೋಯ್ತು. ರೂಲ್ ನೆನಪಿದೆ ಅಲ್ವಾ? ಅವರು ಡ್ರಾ ಮಾಡ್ಕೊಂಡ್ರೆ ಸಾಕು, ಕಪ್ ಅವರ್ದೇ. ನಮ್ಗೆ ಗೆಲ್ಲಲೇಬೇಕು. ಕೊನೇ ದಿನ ಅವರಿಗೆ 247 ಟಾರ್ಗೆಟ್. ಹೊಡೀಬೇಕಾಗಿಲ್ಲ, ನಿಂತ್ಕೊಂಡ್ರೂ ಆಯ್ತು.

ಜೋಶಿ ತಾನೇ ಸ್ಪಿನ್ನರ್. ಆದ್ರೆ ಅವತ್ತು ಕೆಲ್ಸ ಮುಗಿಸಿದ್ದು ವಿಜಯ್ ಭಾರದ್ವಾಜ್, ಆ ಸೀಸನ್‌ನಲ್ಲಿ 1280 ರನ್ ಹೊಡೆದಿದ್ದ ಬ್ಯಾಟ್ಸ್‌ಮನ್. ಆಫ್ ಸ್ಪಿನ್ ಹಾಕಿ 24 ರನ್‌ಗೆ 6 ವಿಕೆಟ್. ಮಧ್ಯಪ್ರದೇಶ 150ಕ್ಕೆ ಆಲೌಟ್, ಕರ್ನಾಟಕಕ್ಕೆ 96 ರನ್ ಗೆಲುವು. ಬಾಲ್ ಕೊಟ್ಟಿದ್ದು ಸರಿ ಅಂತ ಇವತ್ತು ಎಲ್ಲರೂ ಹೇಳ್ತಾರೆ. 6 ವಿಕೆಟ್ ಬಿತ್ತಲ್ಲ, ಅದಕ್ಕೆ.

ಸೋತ ಕ್ಯಾಪ್ಟನ್ ಚಂದ್ರಕಾಂತ್ ಪಂಡಿತ್. ಗೆಲ್ಲೋ ಮ್ಯಾಚನ್ನ ಕಳ್ಕೊಂಡವರು. ಇವರನ್ನ ಮರೀಬೇಡಿ. ಆಮೇಲೆ ಕೋಚ್ ಆದ್ರು. ಮುಂಬೈಗೆ 3 ರಣಜಿ, ವಿದರ್ಭಕ್ಕೆ ಸತತ 2 ರಣಜಿ ಗೆಲ್ಲಿಸಿಕೊಟ್ರು. ವಿದರ್ಭ ಅದಕ್ಕೆ ಮುಂಚೆ ಒಂದೂ ಗೆದ್ದಿರಲಿಲ್ಲ. ಆಮೇಲೆ ಮಧ್ಯಪ್ರದೇಶಕ್ಕೆ ಕೋಚ್ ಆಗಿ ಹೋದ್ರು. 2022ರ ಜೂನ್‌ನಲ್ಲಿ ಫೈನಲ್ ಎಲ್ಲಿ ಅಂತೀರಾ? ಅದೇ ಚಿನ್ನಸ್ವಾಮಿ. 23 ವರ್ಷ ಆದ್ಮೇಲೆ ಅದೇ ಗ್ರೌಂಡಲ್ಲಿ ಮುಂಬೈಯನ್ನ ಸೋಲಿಸಿ ಮಧ್ಯಪ್ರದೇಶ ಮೊದಲ ರಣಜಿ ಗೆಲ್ತು, ಪಂಡಿತ್ ಬಿಕ್ಕಿ ಬಿಕ್ಕಿ ಅತ್ರು. ಆ ಫೈನಲ್‌ನಲ್ಲಿ 122 ಹೊಡೆದ ಹುಡುಗ ಯಾರು ಗೊತ್ತಾ? ನೀವು ಪೋಲ್‌ನಲ್ಲಿ ವೋಟ್ ಹಾಕಿದ್ರಲ್ಲ, ರಜತ್ ಪಾಟಿದಾರ್!

1999ರಲ್ಲಿ ಪಂಡಿತ್ ಅವರ ಲೆಕ್ಕ ಕ್ಲೋಸ್ ಮಾಡಿ ಬ್ಯಾಲೆನ್ಸ್ ಶೀಟ್ ಬರೆದಿದ್ರೆ ಏನಾಗ್ತಿತ್ತು?

ಭಾಗ 6

ಮತ್ತೆ ಬರ. ಈ ಸಲ 15 ವರ್ಷ.

ಮಧ್ಯದಲ್ಲಿ 2010ರ ಜನವರಿ, ಮೈಸೂರಿನ ಗಂಗೋತ್ರಿ ಗ್ರೌಂಡ್. ಫೈನಲ್‌ನಲ್ಲಿ ಮುಂಬೈ. ಕ್ಯಾಪ್ಟನ್ ರಾಬಿನ್ ಉತ್ತಪ್ಪ. 338 ಬೇಕಿತ್ತು. ಮನೀಶ್ ಪಾಂಡೆ 144 ಹೊಡೆದು ಹತ್ರ ತಂದಿದ್ರು. 331ಕ್ಕೆ ಆಲೌಟ್. 6 ರನ್ ಸೋಲು. ಆರು ರನ್ ನಮ್ಗೆ ಅಂಟಿಕೊಂಡಿರೋ ನಂಬರ್ ಅನ್ಸುತ್ತೆ. 2009ರ ಐಪಿಎಲ್ ಫೈನಲ್‌ನಲ್ಲಿ ಕುಂಬ್ಳೆಯ ಆರ್‌ಸಿಬಿ ಸೋತಿದ್ದು 6 ರನ್‌ಗೆ. 2025ರಲ್ಲಿ ಆರ್‌ಸಿಬಿ ಗೆದ್ದಿದ್ದೂ 6 ರನ್‌ಗೆ. ಆ ಕಡೆ ಆರು, ಈ ಕಡೆ ಆರು. ಉತ್ತಪ್ಪನ ಹೆಸರು ರಣಜಿ ಗೆದ್ದ ಕ್ಯಾಪ್ಟನ್‌ಗಳ ಪಟ್ಟಿಯಲ್ಲಿ ಇಲ್ಲ. ವ್ಯತ್ಯಾಸ ಒಂದು ಸಿಕ್ಸರ್ ಅಷ್ಟೇ.

ಆ ಮೈಸೂರು ಟೀಮಲ್ಲಿ ದಾವಣಗೆರೆಯ ಒಬ್ಬ ಮೀಡಿಯಂ ಪೇಸರ್ ಇದ್ರು. ಆರ್. ವಿನಯ್ ಕುಮಾರ್. ಅಪ್ಪ ಆಟೋ ಓಡಿಸ್ತಿದ್ದೋರು. ಜನ ದಾವಣಗೆರೆ ಎಕ್ಸ್‌ಪ್ರೆಸ್ ಅಂತಿದ್ರು, ಆದ್ರೆ ಸ್ಪೀಡ್ ಅಷ್ಟೇನಿರ್ಲಿಲ್ಲ. 2013ರಲ್ಲಿ ಆಸ್ಟ್ರೇಲಿಯಾ ವಿರುದ್ಧ ಚಿನ್ನಸ್ವಾಮಿಯಲ್ಲಿ ಒಂದು ಒನ್‌ಡೇ ಆಡಿ 9 ಓವರ್‌ಗೆ 102 ರನ್ ಕೊಟ್ರು. ಅವತ್ತು ರೋಹಿತ್ ಶರ್ಮಾ 209 ಹೊಡೆದಿದ್ದು ಎಲ್ಲರಿಗೂ ನೆನಪಿದೆ, ವಿನಯ್‌ನ ಟ್ರೋಲ್ ಮಾಡಿದ್ದೂ ನೆನಪಿದೆ. ಸ್ವಂತ ಊರಿನ ಗ್ರೌಂಡಲ್ಲಿ.

ಅದೇ 2013-14ರ ಸೀಸನ್. ಟ್ರೋಲ್ ಆದ ಕೆಲವೇ ತಿಂಗಳಿಗೆ ಹೈದರಾಬಾದಿನಲ್ಲಿ ಮಹಾರಾಷ್ಟ್ರವನ್ನ 7 ವಿಕೆಟ್‌ಗಳಿಂದ ಸೋಲಿಸಿ ಕ್ಯಾಪ್ಟನ್ ವಿನಯ್ ರಣಜಿ ಎತ್ತಿದ್ರು. ಆಮೇಲೆ ಇರಾನಿ ಕಪ್, ವಿಜಯ್ ಹಜಾರೆ. ಒಂದೇ ಸೀಸನ್‌ನಲ್ಲಿ ಮೂರೂ. ಮುಂದಿನ ಸೀಸನ್? ಮತ್ತೆ ಮೂರೂ! ಕೋಚ್ ಜೆ. ಅರುಣ್ ಕುಮಾರ್, ಅವರೂ ಕರ್ನಾಟಕಕ್ಕೆ ಓಪನಿಂಗ್ ಆಡಿದವರೇ.

2015ರ ಸೆಮಿಫೈನಲ್ ನಂಗೆ ಪಾಠದ ಥರ ಬಾಯಿಪಾಠ. ಬೆಂಗಳೂರಲ್ಲಿ ಕರ್ನಾಟಕ 202ಕ್ಕೆ ಆಲೌಟ್. ಎಲ್ಲರ ಮುಖ ಸಣ್ಣಗಾಯ್ತು. ಮುಂಬೈ ಬಂತು. 44ಕ್ಕೆ ಆಲೌಟ್. ನಲವತ್ತನಾಲ್ಕು! ವಿನಯ್ ಕುಮಾರ್ 20 ರನ್‌ಗೆ 6 ವಿಕೆಟ್. ಪ್ರಸನ್ನ ಬಾಂಬೆಯನ್ನ ತಡೆದ ಊರಲ್ಲೇ.

ಫೈನಲ್ ವಾಂಖೆಡೆಯಲ್ಲಿ ತಮಿಳುನಾಡಿನ ವಿರುದ್ಧ. ಅವರು 134, ಅದರಲ್ಲಿ ವಿನಯ್‌ಗೆ 5. ನಮ್ಮೋರು 762. ಕರುಣ್ ನಾಯರ್ 328, ರಣಜಿ ಫೈನಲ್‌ನಲ್ಲಿ ಯಾರೂ ಅಷ್ಟು ಹೊಡೆದಿರ್ಲಿಲ್ಲ. ಕೆ.ಎಲ್. ರಾಹುಲ್ 188. ಕೆಳಗೆ ಬಂದ ಕ್ಯಾಪ್ಟನ್ ವಿನಯ್ ಔಟಾಗದೆ 105. ಫೈನಲ್‌ನಲ್ಲಿ 5 ವಿಕೆಟ್, ಒಂದು ಸೆಂಚುರಿ, ಮತ್ತೆ ಕಪ್. ಇನ್ನಿಂಗ್ಸ್ ಮತ್ತು 217 ರನ್ ಗೆಲುವು.

ಲೆಕ್ಕ ಹಾಕಿ ಈಗ. ಪ್ರಸನ್ನ 2. ವಿನಯ್ 2. ಬ್ರಿಜೇಶ್, ಕುಂಬ್ಳೆ, ದ್ರಾವಿಡ್, ಜೋಶಿ ತಲಾ 1. ಒಟ್ಟು 8. ಟ್ಯಾಲಿ ಆಯ್ತು. ಬರೀ ಟ್ರೋಫಿ ಎಣಿಸಿದ್ರೆ ವಿನಯ್ ಕುಮಾರ್ ಎಲ್ಲರಿಗಿಂತ ಮುಂದೆ: ಎರಡು ಸೀಸನ್, ಆರು ಕಪ್. ನಿಮ್ಮ ಪೋಲ್‌ನಲ್ಲಿ ಅವರಿಗೆ ಬಿದ್ದ ವೋಟು ಸೊನ್ನೆ.

ಭಾಗ 7 (ಕೊನೇದು)

ಆವನಿಗೆ ಬರೋಣ. ನೀವೆಲ್ಲ ಶಿವರಾತ್ರಿ ಹೊತ್ತಿನ ಜಾತ್ರೆಗೆ ಬಂದು, ರಾಮಲಿಂಗೇಶ್ವರ ಗುಡಿ ಮುಂದೆ ರೀಲ್ಸ್ ಮಾಡಿ, ಬೆಟ್ಟ ಹತ್ತಿ, ಲವಕುಶರು ಇಲ್ಲೇ ಹುಟ್ಟಿದ್ದು ಅಂತ ಕ್ಯಾಪ್ಷನ್ ಹಾಕಿದ್ದೀರ. ಇಲ್ಲಿನ ಒಂದು ಶಾಸನ ಯಾರ ರೀಲ್‌ನಲ್ಲೂ ಬಂದಿಲ್ಲ. ಹತ್ತನೇ ಶತಮಾನದಲ್ಲಿ ತ್ರಿಭುವನಕರ್ತ ಅನ್ನೋ ಶೈವ ಯತಿ ಆವನಿಯ ಸ್ಥಾನವನ್ನ 40 ವರ್ಷ ನಡೆಸಿ, 50 ಗುಡಿ ಕಟ್ಟಿಸಿ, 2 ದೊಡ್ಡ ಕೆರೆ ಮಾಡಿಸಿದ್ರು ಅಂತ ಅದರಲ್ಲಿದೆ. ನಮ್ಮೂರಿನ ಮೊದಲ ಸ್ಕೋರ್ ಬುಕ್ ಅದು, ಕಲ್ಲಿನ ಮೇಲೆ. ಬರೆದವನು ಮಾಡಿದ್ದನ್ನ ಮಾತ್ರ ಬರೆದಿದ್ದಾನೆ. ಎಷ್ಟು ಸಲ ಕೆರೆ ಏರಿ ಒಡೆದಿರಬಹುದು, ಎಷ್ಟು ಜನ ಬೈದಿರಬಹುದು, ಅದೆಲ್ಲ ಕಲ್ಲಲ್ಲಿ ಇಲ್ಲ.

ನನ್ನ ಬುಕ್‌ನಲ್ಲಿ ಏನಿದೆ ಹೇಳ್ತೀನಿ. ನಮ್ಮ ಕ್ಯಾಪ್ಟನ್ ಅಣ್ಣ ಮೂರು ವರ್ಷದಲ್ಲಿ 2 ಟೂರ್ನಮೆಂಟ್ ಗೆಲ್ಲಿಸಿದ್ದಾರೆ. ಈ ವರ್ಷದ ಜಾತ್ರೆ ಟೂರ್ನಮೆಂಟ್ ಫೈನಲ್‌ನಲ್ಲಿ ಕೊನೇ ಓವರ್ ಸೆಕೆಂಡ್ ಪಿಯುಸಿ ಹುಡುಗನಿಗೆ ಕೊಟ್ರು. ಎದುರಾಳಿಗೆ 11 ಬೇಕಿತ್ತು. ಐದನೇ ಬಾಲಿಗೇ ಹೊಡೆದ್ರು. ಅವತ್ತು ರಾತ್ರಿ ಗ್ರೂಪ್‌ನಲ್ಲಿ ಬಂದ ಮೆಸೇಜುಗಳನ್ನ ಇಲ್ಲಿ ಬರೆಯೋಕಾಗಲ್ಲ. ಆ ಹುಡುಗ ಅವತ್ತಿಂದ ಗ್ರೌಂಡಿಗೆ ಬಂದಿಲ್ಲ. ಬಾಲ್ ಕೊಟ್ಟಿದ್ದು ತಪ್ಪು ಅಂತ ಕ್ಯಾಪ್ಟನ್ ಮೇಲೆ ದೂರು.

ನಾನೂ ಮೊದಲು ತಪ್ಪು ಅಂತಾನೇ ಅಂದ್ಕೊಂಡಿದ್ದೆ. ನಿಜ ಹೇಳ್ತೀನಿ, ಗ್ರೂಪ್‌ನಲ್ಲಿ ಒಂದು ಮೆಸೇಜ್ ನಂದೂ ಇತ್ತು. ಆಮೇಲೆ ಡಿಲೀಟ್ ಮಾಡ್ದೆ, ಅಷ್ಟೊತ್ತಿಗೆ ಎಲ್ಲ ನೋಡಿಯಾಗಿತ್ತು.

ಮೊನ್ನೆ ಈ ಸೀರೀಸ್‌ಗೋಸ್ಕರ ಬುಕ್ ತೆಗೆದು ಹಳೇ ಪುಟ ತಿರುವಿದೆ. ಅದೇ ಹುಡುಗ ಸೆಮಿಫೈನಲ್‌ನಲ್ಲಿ ಕೊನೇ ಓವರ್ ಹಾಕಿ ಬರೀ 3 ಕೊಟ್ಟಿದ್ದಾನೆ. ನಾನೇ ಬರೆದಿದ್ದು, ನನ್ನ ಕೈಬರಹ, ನಂಗೇ ಮರ್ತೋಗಿತ್ತು. ಫೈನಲ್‌ಗೆ ನಾವು ಹೋಗಿದ್ದೇ ಆ ಓವರ್‌ನಿಂದ. ನಮ್ಮ ಮೇಷ್ಟ್ರು ಹೇಳ್ತಿರ್ತಾರೆ, ಟ್ರಯಲ್ ಬ್ಯಾಲೆನ್ಸ್ ಟ್ಯಾಲಿ ಆಯ್ತು ಅಂದ್ರೆ ಲೆಕ್ಕದಲ್ಲಿ ತಪ್ಪೇ ಇಲ್ಲ ಅಂತ ಅಲ್ಲ ಕಣಪ್ಪ, ಎರಡು ಖಾತೆಯಲ್ಲೂ ಬಿಟ್ಟೋಗಿದ್ರೂ ಟ್ಯಾಲಿ ಆಗುತ್ತೆ.

ಭಾನುವಾರ ಸಂಜೆ 5ಕ್ಕೆ ಮೀಟಿಂಗ್. ಬುಕ್ ತಗೊಂಡು ಹೋಗ್ತೀನಿ. ಫೈನಲ್ ಪುಟ ಓದು ಅಂತಾರೆ, ಸೆಮಿಫೈನಲ್ ಪುಟದಿಂದ ಶುರು ಮಾಡ್ತೀನಿ. ಅದಕ್ಕೆ ಮುಂಚೆ, ಶನಿವಾರ, ಆ ಹುಡುಗನ ಮನೆಗೆ ಹೋಗಿ ಬರ್ತೀನಿ. ನಮ್ಮ ಬೀದಿಯಿಂದ ಎರಡೇ ಬೀದಿ ಆಚೆ, ಇಷ್ಟು ದಿನ ಹೋಗಿರ್ಲಿಲ್ಲ.

ಟೀಮಿನವರು ಈ ಪೋಸ್ಟ್ ಓದ್ತಿದ್ರೆ, ಬೈಯೋದನ್ನ ಮೀಟಿಂಗ್‌ನಲ್ಲೇ ಬೈಯಿರಿ. ಬೇರೆಯವರು ಕಾಮೆಂಟ್‌ನಲ್ಲಿ ನಿಮ್ಮ ಕ್ಯಾಪ್ಟನ್ ಹೆಸರು ಹಾಕಿ, ಜೊತೆಗೆ ಕಾರಣನೂ ಬರೀರಿ. ಕೊಹ್ಲಿ ಅಂತ ಬರೆದ್ರೆ ಬ್ಲಾಕ್.

#ಆವನಿ #ಮುಳಬಾಗಿಲು #ಕೋಲಾರ #ಕರ್ನಾಟಕಕ್ರಿಕೆಟ್ #ರಣಜಿಟ್ರೋಫಿ #ಪ್ರಸನ್ನ #ವಿನಯ್‌ಕುಮಾರ್